ಬಡ್ಡಿ ಇಳಿದರೂ ಕಂತು ಏರುತ್ತಿದೆ, ಯಾಕೆ? ಮನೆ ಸಾಲದ ಸದಸ್ಯರಿಗೆ ಕಾರ್ಯದರ್ಶಿಯ ಪತ್ರ

ಮಾನ್ಯ ಸದಸ್ಯರೇ,

ನಮಸ್ಕಾರ. ವಿಷಯ ಮೊದಲೇ ಹೇಳಿಬಿಡುತ್ತೇನೆ. ಈ ಏಪ್ರಿಲ್ 1ರಿಂದ ನಮ್ಮ ಪತ್ತಿನ ಸಂಘದ ಮನೆ ಸಾಲದ ಬಡ್ಡಿ ಶೇ. 10.5ರಿಂದ ಶೇ. 10ಕ್ಕೆ ಇಳಿಯುತ್ತದೆ. ಆದರೆ ನಿಮ್ಮಲ್ಲಿ ತುಂಬಾ ಜನರ ತಿಂಗಳ ಕಂತು ಏರುತ್ತದೆ. ಬಡ್ಡಿ ಇಳಿದ ಮೇಲೆ ಕಂತು ಏರುವುದು ಯಾವ ಸೀಮೆ ನ್ಯಾಯ ಅಂತ ಕೇಳುತ್ತೀರಿ. ಕೇಳಲೇಬೇಕು. ಉತ್ತರ ಸ್ವಲ್ಪ ಉದ್ದ ಇದೆ, ಅದರಲ್ಲಿ ನಮ್ಮ ತಪ್ಪೂ ಇದೆ.

ಹೋದ ವಾರ ಒಬ್ಬ ಮೇಷ್ಟ್ರು ಕೌಂಟರಿಗೆ ಬಂದರು. ಪಾಸ್‌ಬುಕ್ ಜೊತೆಗೆ ಒಂದು ಮದುವೆ ಕಾಗದ ಇಟ್ಟರು. ಯಾರ ಮದುವೆ ಅಂತ ನಾನು ತಿರುಗಿಸಿ ನೋಡಿದರೆ ಹಿಂದುಗಡೆ ಪೆನ್ಸಿಲಿನಲ್ಲಿ ಲೆಕ್ಕ ಮಾಡಿದ್ದರು. ಸಾಲ 20 ಲಕ್ಷ. ಕಂತು 17,995. ಈ ತಿಂಗಳಿಗೆ 60 ಕಂತು ಮುಗಿಯಿತು. ಕಟ್ಟಿದ್ದು 10 ಲಕ್ಷ 80 ಸಾವಿರ. ಬಾಕಿ 18 ಲಕ್ಷ 72 ಸಾವಿರ. ಕೆಳಗೆ ಎರಡು ಗೆರೆ ಎಳೆದು ಬರೆದಿದ್ದರು: "ಉಳಿದ ದುಡ್ಡು ಎಲ್ಲಿ?"

ಇದೇ ಮಾತು ಮಹಾಸಭೆಯಲ್ಲಿ ಕೇಳಿದ್ದೇನೆ, ಸಂತೆಯಲ್ಲಿ ಕೇಳಿದ್ದೇನೆ, ನಮ್ಮ ಮನೆಯ ತಿಥಿ ಊಟದ ಪಂಕ್ತಿಯಲ್ಲೂ ಕೇಳಿದ್ದೇನೆ. "ಐದು ವರ್ಷ ಕಟ್ಟಿದೀನಿ, ಅಸಲು ಅಲ್ಲೇ ಕೂತಿದೆ, ಸಂಘ ನುಂಗ್ತಾ ಇದೆ." ಇಷ್ಟು ದಿನ ನಕ್ಕು ಸುಮ್ಮನಾಗುತ್ತಿದ್ದೆ. ಈ ಸಲ ಲೆಕ್ಕ ಬಿಡಿಸಿ ಹೇಳುತ್ತೇನೆ.

ಮನೆ ಸಾಲದಲ್ಲಿ ಪ್ರತಿ ತಿಂಗಳು ಮೊದಲು ಬಡ್ಡಿ ಮುರಿದುಕೊಳ್ಳುತ್ತೇವೆ, ಉಳಿದದ್ದು ಅಸಲಿಗೆ ಹೋಗುತ್ತದೆ. ಮೇಷ್ಟ್ರು 20 ವರ್ಷಕ್ಕೆ ಸಾಲ ತೆಗೆದಾಗ ಬಡ್ಡಿ ಶೇ. 9 ಇತ್ತು. 20 ಲಕ್ಷಕ್ಕೆ ಶೇ. 9ರಂತೆ ಒಂದು ತಿಂಗಳ ಬಡ್ಡಿ 15,000. ಕಂತು 17,995. ಅಂದರೆ ಮೊದಲ ತಿಂಗಳು ಅಸಲಿಗೆ ಹೋದದ್ದು 2,995 ರೂಪಾಯಿ, ಅಷ್ಟೇ. ಮುಂದಿನ ತಿಂಗಳು ಅದಕ್ಕಿಂತ ಇಪ್ಪತ್ತು ಚಿಲ್ಲರೆ ರೂಪಾಯಿ ಜಾಸ್ತಿ. ಹೀಗೇ ಆಮೆ ನಡಿಗೆ. ಕಂತಿನಲ್ಲಿ ಬಡ್ಡಿಗಿಂತ ಅಸಲಿನ ಪಾಲು ದೊಡ್ಡದಾಗುವುದು 149ನೇ ಕಂತಿನಲ್ಲಿ, ಅಂದರೆ ಹದಿಮೂರನೇ ವರ್ಷದಲ್ಲಿ. ಅರ್ಧ ಅಸಲು ತೀರಲು 14 ವರ್ಷ ಬೇಕು. ಇಪ್ಪತ್ತು ವರ್ಷ ಮುಗಿಯುವಾಗ 20 ಲಕ್ಷಕ್ಕೆ ನೀವು ಕಟ್ಟಿದ್ದು 43 ಲಕ್ಷ ಚಿಲ್ಲರೆ. ಇದು ಸಂಘ ಮಾಡಿದ ಮೋಸ ಅಲ್ಲ. ಯಾವ ಬ್ಯಾಂಕಿಗೆ ಹೋದರೂ ಈ ಕಂತಿನ ಲೆಕ್ಕ ಹೀಗೇ ಇರುತ್ತದೆ. ಸಾಲ ಕೊಡುವ ದಿನ ಇದನ್ನು ಹೀಗೆ ಕೂರಿಸಿ ಹೇಳಬೇಕಿತ್ತು, ನಾವು ಹೇಳಲಿಲ್ಲ ಅನ್ನುವುದು ಬೇರೆ ಮಾತು. ಆ ದಿನ ನೀವೂ ಗೃಹಪ್ರವೇಶದ ಮುಹೂರ್ತ ಕೇಳುವ ಗಡಿಬಿಡಿಯಲ್ಲಿ ಇರುತ್ತೀರಿ, ನಾವೂ ಸಹಿ ಹಾಕಿಸುವ ಗಡಿಬಿಡಿಯಲ್ಲಿ ಇರುತ್ತೇವೆ.

ಆದರೆ ಮೇಷ್ಟ್ರ ಲೆಕ್ಕ ಇಲ್ಲಿಗೆ ಮುಗಿಯುವುದಿಲ್ಲ. ಬಡ್ಡಿ ಶೇ. 9ರಲ್ಲೇ ಇದ್ದಿದ್ದರೆ ಐದು ವರ್ಷಕ್ಕೆ ಅವರ ಅಸಲು 2 ಲಕ್ಷ 26 ಸಾವಿರ ಇಳಿಯಬೇಕಿತ್ತು. ಇಳಿದದ್ದು 1 ಲಕ್ಷ 28 ಸಾವಿರ. ನಮ್ಮ ತಪ್ಪು ಇರುವುದು ಇಲ್ಲಿ.

2023ರಲ್ಲಿ ನಾವು ಬಡ್ಡಿಯನ್ನು ಶೇ. 9ರಿಂದ 10.5ಕ್ಕೆ ಏರಿಸಿದೆವು. ಆಗ ಕಂತು ಏರಿಸಿದರೆ ಸದಸ್ಯರು ಕೌಂಟರಿಗೆ ಬಂದು ಗಲಾಟೆ ಮಾಡುತ್ತಾರೆ ಅಂತ ನಮಗೆ ಹೆದರಿಕೆ. ಅದಕ್ಕೆ ಕಂತು ಹಾಗೇ ಇಟ್ಟು ಅವಧಿ ಎಳೆದೆವು. ಮೇಷ್ಟ್ರ ಸಾಲಕ್ಕೆ ಆಗ ಬಾಕಿ ಇದ್ದದ್ದು 216 ಕಂತು. ಒಂದೂವರೆ ಪರ್ಸೆಂಟ್ ಏರಿದ್ದಕ್ಕೆ ಅದು 313 ಕಂತು ಆಯಿತು. ಎಂಟು ವರ್ಷ ಜಾಸ್ತಿ! ಆ 97 ಕಂತಿಗೆ ಅವರು ಕಟ್ಟಬೇಕಾದ್ದು ಹೆಚ್ಚು ಕಡಿಮೆ 17 ಲಕ್ಷ 40 ಸಾವಿರ. ಅದೇ ದಿನ ಕಂತನ್ನು 1,840 ರೂಪಾಯಿ ಏರಿಸಿದ್ದರೆ ಸಾಲ ಮೊದಲಿನ ದಿನಕ್ಕೇ ತೀರುತ್ತಿತ್ತು. ಜಾಸ್ತಿ ಕಟ್ಟಬೇಕಾಗಿದ್ದದ್ದು ಒಟ್ಟು 4 ಲಕ್ಷದೊಳಗೆ. ಮೇಷ್ಟ್ರು 38ನೇ ವಯಸ್ಸಿನಲ್ಲಿ ಸಾಲ ತೆಗೆದವರು. 58ಕ್ಕೆ ಮುಗಿಯಬೇಕಿದ್ದದ್ದು 66ಕ್ಕೆ ಹೋಯಿತು. ಅವರು ನಿವೃತ್ತರಾಗುವುದು 60ಕ್ಕೆ. ಇದನ್ನು ನಾವು ಅವರಿಗೆ ಒಂದು ಕಾಗದದಲ್ಲೂ ತಿಳಿಸಿರಲಿಲ್ಲ.

2023ರ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕು ಬ್ಯಾಂಕುಗಳಿಗೂ ಹಣಕಾಸು ಕಂಪನಿಗಳಿಗೂ ಒಂದು ಸುತ್ತೋಲೆ ಕಳಿಸಿತು. ಬಡ್ಡಿ ಬದಲಾದಾಗ ಕಂತು ಏರಿಸಬೇಕೋ ಅವಧಿ ಎಳೆಯಬೇಕೋ ಅಂತ ಸಾಲಗಾರನನ್ನೇ ಕೇಳಿ ಅನ್ನುವುದು ಅದರ ಸಾರ. ನಮ್ಮಂಥ ಪತ್ತಿನ ಸಂಘಕ್ಕೆ ಅದು ಅನ್ವಯಿಸುವುದಿಲ್ಲ. ಅನ್ವಯಿಸಲ್ವಲ್ಲ ಅಂತ ನಾವೂ ಸುಮ್ನೆ ಇದ್ದೆವು. ಸಂಘದ ಪರವಾಗಿ ನಾನು ಕ್ಷಮೆ ಕೇಳುತ್ತೇನೆ.

ಈಗ ಬದಲಾವಣೆಯ ಮಾತು. ಏಪ್ರಿಲ್‌ನಿಂದ ಎಲ್ಲರ ಮನೆ ಸಾಲವನ್ನೂ ಮೊದಲು ಬರೆದುಕೊಟ್ಟ ಅವಧಿಗೇ ವಾಪಸ್ ತರುತ್ತೇವೆ. ಮೇಷ್ಟ್ರ ಉದಾಹರಣೆಯನ್ನೇ ಹಿಡಿಯೋಣ. ಶೇ. 10ರ ಬಡ್ಡಿಗೆ, ಉಳಿದ 15 ವರ್ಷದಲ್ಲಿ ಸಾಲ ತೀರಬೇಕಾದರೆ ಕಂತು 20,115 ಆಗುತ್ತದೆ. ಈಗಿನದಕ್ಕಿಂತ 2,120 ಜಾಸ್ತಿ. ಹಳೆ ಕಂತೇ ಸಾಕು ಅಂದರೆ, ಬಡ್ಡಿ ಇಳಿದ ಮೇಲೂ ಇನ್ನು 20 ವರ್ಷ 3 ತಿಂಗಳು ಕಟ್ಟಬೇಕು. ಐದು ವರ್ಷ ಕಟ್ಟಿದ ಮೇಲೆ ಮತ್ತೆ ಇಪ್ಪತ್ತು! ಎರಡಕ್ಕೂ ಒಟ್ಟು ವ್ಯತ್ಯಾಸ ಏಳೂವರೆ ಲಕ್ಷ. ಹಳೆ ಕಂತೇ ಬೇಕು ಅನ್ನುವವರು ಬಂದು ಬರೆದುಕೊಡಿ, ಬೇಡ ಅನ್ನುವುದಿಲ್ಲ. ಮನೆಯಲ್ಲಿ ಕಾಯಿಲೆ ಇರುತ್ತದೆ, ಮಕ್ಕಳ ಫೀಸ್ ಇರುತ್ತದೆ, ಕೊಳೆ ರೋಗ ಬಂದು ಅಡಿಕೆ ಉದುರಿದ ವರ್ಷ ಇರುತ್ತದೆ. ನಮಗೆ ಗೊತ್ತಿದೆ. ಆದರೆ ಆ ಏಳೂವರೆ ಲಕ್ಷದ ಅಂಕಿ ನೋಡಿ ಸಹಿ ಹಾಕಬೇಕು, ಮತ್ತು ಸಾಲ ನಿಮ್ಮ 65ನೇ ವಯಸ್ಸು ದಾಟುವ ಹಾಗಿಲ್ಲ.

ಇನ್ನು ರೆಪೊ ದರ, ಅಂದರೆ ರಿಸರ್ವ್ ಬ್ಯಾಂಕು ಬೇರೆ ಬ್ಯಾಂಕುಗಳಿಗೆ ಕೊಡುವ ಅಲ್ಪಾವಧಿ ಸಾಲದ ಬಡ್ಡಿ. ಟಿವಿಯಲ್ಲಿ ರೆಪೊ ಇಳಿಯಿತು ಅಂತ ಬಂದ ಮರುದಿನ ನಮ್ಮ ಹುಡುಗರಿಗೆ ಕೌಂಟರಿನಲ್ಲಿ ಕೂರಲು ಆಗುವುದಿಲ್ಲ. ನಿಜ, 2025ರಲ್ಲಿ ರಿಸರ್ವ್ ಬ್ಯಾಂಕು ರೆಪೊ ದರವನ್ನು ಶೇ. 6.5ರಿಂದ 5.25ಕ್ಕೆ ತಂದಿದೆ. ನೀವು ಅರ್ಧ ಪರ್ಸೆಂಟ್ ಮಾತ್ರ ಇಳಿಸಿದ್ದೀರಲ್ಲ ಅನ್ನುತ್ತೀರಿ. ಸ್ವಾಮಿ, ರಿಸರ್ವ್ ಬ್ಯಾಂಕು ನಮಗೆ ಒಂದು ರೂಪಾಯಿಯನ್ನೂ ಸಾಲ ಕೊಡುವುದಿಲ್ಲ. ನಿಮಗೆ ಕೊಟ್ಟ ಸಾಲದ ದುಡ್ಡು ಇದೇ ಊರಿನವರ ಠೇವಣಿ. 2023ರಲ್ಲಿ ಮೂರು ವರ್ಷಕ್ಕೆ ಇಟ್ಟವರಿಗೆ ಶೇ. 9 ಕೊಡುತ್ತೇವೆ ಅಂತ ಬರೆದುಕೊಟ್ಟಿದ್ದೇವೆ. ಅದರಲ್ಲಿ ನಿಮ್ಮ ಅಮ್ಮನ ಠೇವಣಿಯೂ ಇರಬಹುದು. ರೆಪೊ ಇಳಿಯಿತು, ನಿಮ್ಮ ಬಡ್ಡಿ ಕಡಿಮೆ ಮಾಡುತ್ತೇವೆ ಅಂತ ಅವರ ಮುಂದೆ ಹೋಗಿ ಹೇಳಲು ಆಗುತ್ತದಾ? ಶೇ. 9ಕ್ಕೆ ತಂದು 10.5ಕ್ಕೆ ಕೊಟ್ಟರೆ ನಡುವೆ ಉಳಿಯುವುದು ಒಂದೂವರೆ. ಅದರಲ್ಲಿ ಮೂವರ ಸಂಬಳ, ಬಾಡಿಗೆ, ಆಡಿಟ್ ಫೀಸು, ಸುಸ್ತಿ ಸಾಲಕ್ಕೆ ತೆಗೆದಿಡುವುದು, ಎಲ್ಲ ಆಗಬೇಕು. ಆ ಹಳೆ ಠೇವಣಿಗಳು ಈ ವರ್ಷ ಒಂದೊಂದಾಗಿ ಮುಗಿಯುತ್ತಿವೆ. ಅದಕ್ಕೇ ಈಗ ಅರ್ಧ ಪರ್ಸೆಂಟ್ ಇಳಿಸಲು ಆಯಿತು. ಇನ್ನೊಂದು ಮಾತು ಯಾರೂ ನೆನಪಿಟ್ಟುಕೊಳ್ಳುವುದಿಲ್ಲ. 2022ರ ಮೇಯಿಂದ 2023ರ ಫೆಬ್ರವರಿಯೊಳಗೆ ರೆಪೊ ಎರಡೂವರೆ ಪರ್ಸೆಂಟ್ ಏರಿತು. ನಾವು ಏರಿಸಿದ್ದು ಒಂದೂವರೆ. ಆಗ ಯಾರೂ ಬಂದು ಶಭಾಷ್ ಅನ್ನಲಿಲ್ಲ. ಹೋಗಲಿ ಬಿಡಿ.

ಬೇರೆ ಬ್ಯಾಂಕಿಗೆ ಸಾಲ ವರ್ಗ ಮಾಡಿಸುತ್ತೇನೆ ಅನ್ನುವವರೂ ಇದ್ದಾರೆ. ಕೋಪ ಇಲ್ಲ. ಆದರೆ ಲೆಕ್ಕ ಕೇಳಿಸಿಕೊಂಡು ಹೋಗಿ. ಮೇಷ್ಟ್ರಿಗೆ ಪೇಟೆಯ ಒಂದು ಬ್ಯಾಂಕಿನವರು ಶೇ. 8ಕ್ಕೆ ಕೊಡುತ್ತೇವೆ, ಕಂತು 15,657 ಅಷ್ಟೇ ಅಂದರಂತೆ. ಕೇಳಲು ಹಿತವಾಗಿದೆ. ಅವಧಿ ಎಷ್ಟು ಅಂತ ಇವರು ಕೇಳಿಲ್ಲ. ಅದು ಹೊಸದಾಗಿ 20 ವರ್ಷ. ಒಟ್ಟು ಕಟ್ಟುವುದು 37 ಲಕ್ಷ 58 ಸಾವಿರ. ನಮ್ಮಲ್ಲಿ ಶೇ. 10ರಂತೆ 15 ವರ್ಷ ಕಟ್ಟಿದರೆ 36 ಲಕ್ಷ 21 ಸಾವಿರ. ಕಡಿಮೆ ಬಡ್ಡಿಯ ಸಾಲವೇ ದುಬಾರಿ! ಆದರೆ ಅದೇ ಶೇ. 8ರ ಸಾಲ ಅಲ್ಲಿ 15 ವರ್ಷಕ್ಕೆ ಸಿಕ್ಕರೆ ಕಂತು 17,890ರ ಹತ್ತಿರ, ಒಟ್ಟು 32 ಲಕ್ಷ ಚಿಲ್ಲರೆ. ಹಾಗೆ ಸಿಕ್ಕರೆ ಖಂಡಿತ ಹೋಗಿ. ಅಲ್ಲಿಯ ಪ್ರೊಸೆಸಿಂಗ್ ಫೀ, ವಕೀಲರ ಅಭಿಪ್ರಾಯ, ಹೊಸ ಅಡಮಾನ ನೋಂದಣಿ ಎಲ್ಲ ಸೇರಿಸಿದರೂ ನಿಮಗೇ ಲಾಭ. ದಾಖಲೆ ನಾವೇ ಕಟ್ಟಿ ಕೊಡುತ್ತೇವೆ. ಸಂಬಳದ ಚೀಟಿ ಇಲ್ಲದವರಿಗೆ, ಮನೆಗೆ ಇ-ಖಾತೆ ಆಗಿಲ್ಲದವರಿಗೆ, ತೋಟದ ಆದಾಯ ಒಂದೇ ಇರುವವರಿಗೆ ಅಲ್ಲಿ ಯಾರೂ ಕುರ್ಚಿ ಎಳೆದು ಕೂರಿಸುವುದಿಲ್ಲ. ಅವರ ಮನೆಗಳು ಎದ್ದು ನಿಂತದ್ದು ಈ ಸಂಘದ ದುಡ್ಡಿನಿಂದ. ಅದನ್ನು ಹೇಳಿಕೊಳ್ಳಲು ನನಗೆ ಸಂಕೋಚ ಇಲ್ಲ.

ಇನ್ನೂ ಎರಡು ಮೂರು ಬದಲಾವಣೆ ಇದೆ.

ಮೊದಲನೆಯದು ವಿಮೆ. ಸಾಲದ ಜೊತೆ ಜೀವ ವಿಮೆ ಮಾಡಿಸಿ, ಆ ಕಂತನ್ನು ಸಾಲಕ್ಕೇ ಸೇರಿಸುತ್ತಿದ್ದೆವು. 60 ಸಾವಿರದ ವಿಮೆಯನ್ನು ಶೇ. 9ರ ಸಾಲಕ್ಕೆ ಸೇರಿಸಿದರೆ 20 ವರ್ಷದಲ್ಲಿ ಅದಕ್ಕೆ ನೀವು ಕಟ್ಟುವುದು 1 ಲಕ್ಷ 29 ಸಾವಿರಕ್ಕೂ ಮೇಲೆ. ವಿಮೆ ಬೇಕು, ಮನೆ ಯಜಮಾನನಿಗೆ ಏನಾದರೂ ಆದರೆ ಸಾಲ ಹೆಂಡತಿ ಮಕ್ಕಳ ತಲೆಗೆ ಬರಬಾರದು. ಆದರೆ ಇನ್ನು ಮುಂದೆ ಅದನ್ನು ಸಾಲಕ್ಕೆ ಸೇರಿಸುವುದಿಲ್ಲ. ಎಲ್ಲಿ ಬೇಕಾದರೂ ಮಾಡಿಸಿ, ವರ್ಷಕ್ಕೊಮ್ಮೆ ಕೈಯಿಂದ ಕಟ್ಟಿ. ಸಂಘಕ್ಕೆ ಇದರಲ್ಲಿ ಕಮಿಷನ್ ಬರುತ್ತಿತ್ತು, ಅದು ಹೋಗುತ್ತದೆ.

ಎರಡನೆಯದು ಅವಧಿಗೆ ಮೊದಲು ಕಟ್ಟಿದರೆ ಹಾಕುತ್ತಿದ್ದ ಶೇ. 2 ಶುಲ್ಕ. ಅದು ಪೂರ್ತಿ ರದ್ದು. ಬದಲಾಗುವ ಬಡ್ಡಿಯ ಮನೆ ಸಾಲಕ್ಕೆ ಇಂಥ ಶುಲ್ಕ ಹಾಕಬಾರದು ಅಂತ ಬ್ಯಾಂಕುಗಳಿಗೆ 2012ರಲ್ಲೇ ಹೇಳಲಾಗಿತ್ತು. ನಮಗೆ ಬುದ್ಧಿ ಬರಲು ಹದಿನಾಲ್ಕು ವರ್ಷ ಬೇಕಾಯಿತು. ಅಡಿಕೆ ಮಾರಿದ ದುಡ್ಡು ಬಂದಾಗಲೋ, ಬೋನಸ್ ಬಂದಾಗಲೋ ವರ್ಷಕ್ಕೆ ಒಂದೇ ಒಂದು ಕಂತು ಜಾಸ್ತಿ ಕಟ್ಟಿ ನೋಡಿ. 20 ಲಕ್ಷ, ಶೇ. 9, 20 ವರ್ಷದ ಸಾಲ ಹದಿನಾರೂವರೆ ವರ್ಷಕ್ಕೆ ತೀರುತ್ತದೆ. ಆದರೆ ಕಟ್ಟುವಾಗ "ಅಸಲಿಗೆ" ಅಂತ ಚಲನ್‌ನಲ್ಲಿ ಬರೆಯಿರಿ. ಇಲ್ಲದಿದ್ದರೆ ನಮ್ಮ ಸಾಫ್ಟ್‌ವೇರ್ ಅದನ್ನು ಮುಂದಿನ ತಿಂಗಳ ಕಂತು ಅಂತ ಹಿಡಿದುಬಿಡುತ್ತದೆ.

ಟ್ಯಾಕ್ಸ್ ಉಳಿಯುತ್ತೆ, ಸಾಲ ಬೇಗ ತೀರಿಸಬೇಡಿ ಅಂತ ಸಲಹೆ ಕೊಡುವವರು ಊರಿಗೆ ಹತ್ತು ಜನ. ಸ್ವಂತ ವಾಸದ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ವಿನಾಯಿತಿ ಇರುವುದು ಹಳೆ ತೆರಿಗೆ ಪದ್ಧತಿಯಲ್ಲಿ ಮಾತ್ರ. ಹೊಸದರಲ್ಲಿ ಇಲ್ಲ. ಹಳೆಯದರಲ್ಲೂ ಶೇ. 20ರ ಸ್ಲ್ಯಾಬ್‌ನವರಿಗೆ ಸೆಸ್ ಸೇರಿ ಉಳಿಯುವುದು 41,600. ಅದನ್ನು ಉಳಿಸಲು 2 ಲಕ್ಷ ಬಡ್ಡಿ ಕಟ್ಟಬೇಕು, ಅಲ್ವಾ?

ಈಗ ಮನೆ ಕಟ್ಟಿಸುತ್ತಿರುವವರಿಗೆ ಒಂದು ಮಾತು. ಗೋಡೆ ಏಳುವ ಮೊದಲೇ ಸಾಲ ಪೂರ್ತಿ ಬಿಡುಗಡೆ ಮಾಡಿ ಅಂತ ಒತ್ತಾಯ ಮಾಡಬೇಡಿ. ನಮ್ಮ ಮಲೆನಾಡಿನಲ್ಲಿ ಜೂನ್ ಹಿಡಿದರೆ ಕೆಲಸ ನಿಲ್ಲುತ್ತದೆ. ಮೇಸ್ತ್ರಿ ಊರಿಗೆ ಹೋಗುತ್ತಾನೆ, ಜಂಬಿಟ್ಟಿಗೆ ಮಳೆಯಲ್ಲಿ ನೆನೆಯುತ್ತಾ ಕೂರುತ್ತದೆ, ಬಡ್ಡಿ ಮಾತ್ರ ಓಡುತ್ತಿರುತ್ತದೆ. 10 ಲಕ್ಷ ಎತ್ತಿದ್ದರೆ ಶೇ. 10ರಂತೆ ನಾಲ್ಕು ತಿಂಗಳ ಮಳೆಗಾಲಕ್ಕೆ 33 ಸಾವಿರ ಚಿಲ್ಲರೆ. ಅಷ್ಟರಲ್ಲಿ ಬಾಗಿಲು ಕಿಟಕಿಯ ಪಾಲಿಶ್ ಆಗುತ್ತಿತ್ತು. ತಳಪಾಯಕ್ಕೆ ಎಷ್ಟು ಬೇಕೋ ಅಷ್ಟು, ಗೋಡೆಗೆ ಎಷ್ಟು ಬೇಕೋ ಅಷ್ಟು ತೆಗೆದುಕೊಳ್ಳಿ.

ಇನ್ನು ಪ್ರತಿ ವರ್ಷ ಏಪ್ರಿಲ್‌ನಲ್ಲಿ ಎಲ್ಲರ ಮನೆಗೂ ಒಂದು ಹಾಳೆ ಬರುತ್ತದೆ. ಇದುವರೆಗೆ ಕಟ್ಟಿದ್ದೆಷ್ಟು, ಅದರಲ್ಲಿ ಬಡ್ಡಿ ಎಷ್ಟು, ಅಸಲು ಎಷ್ಟು, ಇನ್ನು ಕಟ್ಟಬೇಕಾದ ಬಡ್ಡಿ ಎಷ್ಟು, ಕೊನೆಯ ಕಂತು ಯಾವ ತಿಂಗಳು, ಆಗ ನಿಮ್ಮ ವಯಸ್ಸೆಷ್ಟು. ವಯಸ್ಸನ್ನೂ ಬರೆಯಲು ಹೇಳಿದ್ದು ಮೇಷ್ಟ್ರೇ.

ಈ ತಿಂಗಳ ಎಲ್ಲಾ ಶನಿವಾರ ಮಧ್ಯಾಹ್ನದವರೆಗೆ ನಾನೇ ಕೌಂಟರಿನಲ್ಲಿ ಕೂರುತ್ತೇನೆ. ಪಾಸ್‌ಬುಕ್ ತನ್ನಿ. ಗಂಡ ಹೆಂಡತಿ ಇಬ್ಬರೂ ಬನ್ನಿ, ಒಬ್ಬರೇ ಬಂದು ಸಹಿ ಹಾಕಿ ಹೋದರೆ ಮನೆಯಲ್ಲಿ ಮತ್ತೆ ಜಗಳ ಆಗುತ್ತದೆ, ಆಮೇಲೆ ಬೈಸಿಕೊಳ್ಳುವವನು ನಾನು. ಕಂತು ಏರಿಸಲು ಆಗದವರು ಮಾರ್ಚ್ 31ರೊಳಗೆ ಬರೆದುಕೊಟ್ಟರೆ ಸಾಕು. ಏನೂ ಬರೆದುಕೊಡದವರಿಗೆ ಏಪ್ರಿಲ್‌ನಿಂದ ಹೊಸ ಕಂತು ಶುರು.

ಮೇಷ್ಟ್ರು ಇನ್ನೂ ತೀರ್ಮಾನ ಹೇಳಿಲ್ಲ. ಮದುವೆ ಕಾಗದ ನನ್ನ ಮೇಜಿನ ಮೇಲೇ ಬಿಟ್ಟು ಹೋಗಿದ್ದಾರೆ.

ನಿಮ್ಮ ವಿಶ್ವಾಸಿ,
ಕಾರ್ಯದರ್ಶಿ
(ಆಡಳಿತ ಮಂಡಳಿಯ ಪರವಾಗಿ)