ಡಚ್ ವಾಕ್ಯವನ್ನು ಬಾಲದ ಕಡೆಯಿಂದ ಓದು

ಚಿ. ಸಿಂಧುವಿಗೆ ನಿನ್ನ ಸೋದರಮಾವ ಮಾಡುವ ಆಶೀರ್ವಾದಗಳು.

ನೆದರ್ಲೆಂಡ್ಸಿನ ಲೈಡನ್ನಿನಲ್ಲಿ ಎಂ.ಎ.ಗೆ ಸೇರಿ ಡಚ್ ಮತ್ತು ಅದರ ದಾಯಾದಿ ಭಾಷೆಗಳ ವಾಕ್ಯರಚನೆಯನ್ನೇ ಓದುತ್ತೀಯಂತೆ, ಅಕ್ಕ ಹೇಳಿದಳು. ಸಂತೋಷ. ಸಿದ್ಧಾಂತಗಳು ಎಲ್ಲಿಗೂ ಓಡಿಹೋಗುವುದಿಲ್ಲ. ಯಾವ ವಾಕ್ಯ ಕೊಟ್ಟರೂ ಅದರ ಕ್ರಿಯಾಪದ ಎಲ್ಲಿಂದ ಎಲ್ಲಿಗೆ ಬಂದಿದೆ ಎಂದು ಪರೀಕ್ಷಿಸುವುದನ್ನು ಮೊದಲು ಕಲಿ.

ಹೊಸಬರು ಪ್ರಧಾನ ವಾಕ್ಯದಿಂದ ಶುರು ಮಾಡುತ್ತಾರೆ. ‘ಯಾನ್ ಲೇಸ್ಟ್ ಹೆಟ್ ಬುಕ್’, ಅಂದರೆ ಯಾನ್ ಪುಸ್ತಕ ಓದುತ್ತಾನೆ. ಕರ್ತೃ, ಕ್ರಿಯೆ, ಕರ್ಮ. ಇಂಗ್ಲಿಷಿನಂತೆಯೇ ಇದೆಯಲ್ಲ ಎಂದು ಬರೆದುಕೊಂಡು ಮುಂದೆ ಹೋಗುತ್ತಾರೆ, ಅಲ್ಲೇ ಎಡವುತ್ತಾರೆ. ನೀನು ‘ದಟ್’ (ನಮ್ಮ ‘ಎಂದು’ ಇದ್ದಂತೆ) ಸೇರಿಸಿದ, ಇನ್ನೊಂದು ವಾಕ್ಯದೊಳಗೆ ಕೂರುವ ಅಧೀನ ವಾಕ್ಯದಿಂದ ಶುರು ಮಾಡು: ‘ದಟ್ ಯಾನ್ ಹೆಟ್ ಬುಕ್ ಲೇಸ್ಟ್’. ಕ್ರಿಯಾಪದ ನಮ್ಮ ಕನ್ನಡದಂತೆ ಕೊನೆಯಲ್ಲಿದೆ. ಇದೇ ಮೂಲ ಕ್ರಮ ಎಂಬುದಕ್ಕೆ ಬಲವಾದ ಸಾಕ್ಷಿ ಎರಡು ತುಂಡಾಗುವ ಕ್ರಿಯಾಪದಗಳು. ‘ಒಪ್‌ಬೆಲ್ಲೆನ್’ ಎಂದರೆ ಫೋನ್ ಮಾಡುವುದು. ಅಧೀನ ವಾಕ್ಯದಲ್ಲಿ ‘ದಟ್ ಯಾನ್ ಮರೀ ಒಪ್‌ಬೆಲ್ಟ್’, ಎರಡು ತುಂಡೂ ಜೊತೆಗಿವೆ. ಪ್ರಧಾನದಲ್ಲಿ ‘ಯಾನ್ ಬೆಲ್ಟ್ ಮರೀ ಒಪ್’. ‘ಬೆಲ್ಟ್’ ಮುಂದೆ ಹೋಗಿದೆ, ‘ಒಪ್’ ಹಳೆಯ ಜಾಗದಲ್ಲೇ ಕೂತಿದೆ. 1975ರಲ್ಲಿ ಭಾಷಾವಿಜ್ಞಾನಿ ಯಾನ್ ಕೊಸ್ಟರ್ ಇಂಥ ಸಾಕ್ಷ್ಯ ಹಿಡಿದೇ ಡಚ್‌ನ ಮೂಲ ಕ್ರಮ ಕರ್ತೃ-ಕರ್ಮ-ಕ್ರಿಯೆ ಎಂದು ವಾದಿಸಿದರು. ‘ದಟ್’ ಕೂರುವ ಜಾಗಕ್ಕೇ ಪ್ರಧಾನ ವಾಕ್ಯದ ಕ್ರಿಯಾಪದವೂ ಬರುತ್ತದೆ, ಆದ್ದರಿಂದ ಒಂದಿದ್ದರೆ ಇನ್ನೊಂದಕ್ಕೆ ಜಾಗವಿಲ್ಲ ಎಂದು ತೋರಿಸಿದವರು ಹಾನ್ಸ್ ಡೆನ್ ಬೆಸ್ಟೆನ್. 1993ರಲ್ಲಿ ಯಾನ್-ವೌಟರ್ ಜ್ವಾರ್ಟ್ ಇದನ್ನೆಲ್ಲ ತಿರುಗಿಸಿ, ಡಚ್ ಒಳಗಿನಿಂದ ಕರ್ತೃ-ಕ್ರಿಯೆ-ಕರ್ಮವೇ ಎಂದರು. ಅದನ್ನೂ ಓದು, ಆದರೆ ನೂರು ವಾಕ್ಯ ಬಿಡಿಸಿದ ಮೇಲೆ.

ಬಿಡಿಸುವುದಕ್ಕೆ ಐದು ಕಾಲಂ ಸಾಕು: ಮುಂಭಾಗ, ಎಡ ಆವರಣ, ನಡುಭಾಗ, ಬಲ ಆವರಣ, ಹಿಂಭಾಗ. ಜರ್ಮನ್ ವ್ಯಾಕರಣದಲ್ಲಿ ಈ ಪದ್ಧತಿಗೆ ಎರಿಕ್ ಡ್ರಾಖ್ 1937ರಲ್ಲಿ ದಾರಿ ಹಾಕಿದರು. ಎಡ ಆವರಣದಲ್ಲಿ ‘ದಟ್’ ಇಲ್ಲವೇ ಕಾಲ-ಪುರುಷ ತೋರಿಸುವ ಕ್ರಿಯಾಪದ, ಬಲದಲ್ಲಿ ಉಳಿದ ಕ್ರಿಯಾಪದಗಳು ಮತ್ತು ‘ಒಪ್’ನಂಥ ತುಂಡುಗಳು. ಪ್ರಧಾನ ವಾಕ್ಯದಲ್ಲಿ ಕ್ರಿಯಾಪದ ಎರಡನೆಯದು ಎಂಬುದು ನಿಯಮ; ಎರಡನೆಯದು ಎಂದರೆ ಎರಡನೆಯ ಪದವಲ್ಲ ಕಣಮ್ಮಾ, ಎರಡನೆಯ ಘಟಕ. ಮುಂಭಾಗದಲ್ಲಿ ಹತ್ತು ಪದಗಳಿದ್ದರೂ ಅದು ಒಂದೇ ಘಟಕವಾಗಿರಬಹುದು. ‘ವಂಟ್’ ಮತ್ತು ‘ಒಮ್‌ದಟ್’ ಎರಡಕ್ಕೂ ‘ಏಕೆಂದರೆ’ ಎಂಬ ಅರ್ಥವೇ ಇದೆ, ಆದರೆ ‘ಏಕೆಂದರೆ ಅವನಿಗೆ ಕಾಯಿಲೆ’ ಎನ್ನಲು ‘ವಂಟ್ ಹೈ ಇಸ್ ಜ಼ೀಕ್’, ‘ಒಮ್‌ದಟ್ ಹೈ ಜ಼ೀಕ್ ಇಸ್’. ‘ವಂಟ್’ ಐದು ಕಾಲಂಗಳ ಹೊರಗೇ ನಿಲ್ಲುತ್ತದೆ. ಅದನ್ನು ಮುಂಭಾಗಕ್ಕೆ ತುರುಕಿದರೆ ಕ್ರಿಯಾಪದ ಮೂರನೆಯದಾಗಿ ನಿನ್ನ ಲೆಕ್ಕ ಕೆಡುತ್ತದೆ.

ನಿಜವಾದ ಸೊಗಸು ಬಲ ಆವರಣದಲ್ಲಿದೆ. ‘ಓದಲು ಸಾಧ್ಯವಾಗಬೇಕು’ ಎಂಬುದನ್ನು ಡಚ್‌ನಲ್ಲಿ ‘ಮುಟ್ ಕುನ್ನೆನ್ ಲೇಜ಼ೆನ್’ ಎನ್ನುತ್ತಾರೆ: ಬೇಕು, ಸಾಧ್ಯ, ಓದು. ಉಳಿದವನ್ನು ಆಳುವ ಮೇಲಿನ ಕ್ರಿಯೆಗೆ 1, ಅದರ ಕೆಳಗಿನದಕ್ಕೆ 2, ಕೊನೆಯದಕ್ಕೆ 3 ಎಂದು ಅಂಕಿ ಕೊಟ್ಟರೆ ಇದು 1-2-3. ಜರ್ಮನ್‌ನಲ್ಲಿ ಮತ್ತು ನೆದರ್ಲೆಂಡ್ಸಿನ ಉತ್ತರದ ಫ್ರಿಸಿಯನ್ ಭಾಷೆಯಲ್ಲಿ ಇದು ತಿರುವುಮುರುವು, 3-2-1, ಕನ್ನಡದ ಕ್ರಮವೇ. ಆದರೆ ಜರ್ಮನ್ ಯಾವಾಗಲೂ ಹಾಗಿರುತ್ತದೆ ಎಂದುಕೊಳ್ಳಬೇಡ. ‘ಓದಲು ಸಾಧ್ಯವಾಗಿದೆ’ ಎನ್ನುವಾಗ ‘ಹಾಟ್ ಲೇಜ಼ೆನ್ ಕ್ಯೊನ್ನೆನ್’ ಎಂದು ಸಹಾಯಕ ಕ್ರಿಯೆ ಮುಂದೆ ಜಿಗಿದು 1-3-2 ಆಗುತ್ತದೆ. ಇಲ್ಲಿ ಡಚ್‌ನಲ್ಲೂ ಜರ್ಮನ್‌ನಲ್ಲೂ 2 ಅಂಕಿಯ ಕ್ರಿಯಾಪದ ಭೂತ ಕೃದಂತವಾಗಬೇಕಾದ ಕಡೆ ಭಾವರೂಪದಲ್ಲಿ, ಅಂದರೆ ಕಾಲ-ಪುರುಷ ತೋರಿಸದ ಮೂಲ ರೂಪದಲ್ಲಿ, ನಿಲ್ಲುತ್ತದೆ. ಪ್ರತಿ ಕ್ರಿಯಾಪದದ ತಲೆಯ ಮೇಲೆ ಅಂಕಿ ಬರೆಯದೆ ಈ ಅಧ್ಯಾಯಕ್ಕೆ ಕೈ ಹಾಕಬೇಡ.

‘ದಟ್ ಯಾನ್ ಪೀಟ್ ದೆ ಕಿಂಡರೆನ್ ಜ಼ಾಖ್ ಹೆಲ್ಪೆನ್ ಜ಼್ವೆಮ್ಮೆನ್’ ನೋಡು. ಕನ್ನಡದಲ್ಲಿ ‘ಯಾನ್, ಪೀಟ್ ಮಕ್ಕಳಿಗೆ ಈಜಲು ನೆರವಾಗುವುದನ್ನು ಕಂಡ’ ಎಂದಾಗ ಕೊನೆಯ ನಾಮಪದಕ್ಕೆ ಮೊದಲ ಕ್ರಿಯೆ, ಒಂದರೊಳಗೊಂದು. ಡಚ್‌ನಲ್ಲಿ ಮೊದಲ ನಾಮಪದಕ್ಕೆ ಮೊದಲ ಕ್ರಿಯೆ, ಎರಡನೆಯದಕ್ಕೆ ಎರಡನೆಯದು. ಗೆರೆ ಎಳೆದರೆ ಎಲ್ಲವೂ ಒಂದನ್ನೊಂದು ದಾಟುತ್ತವೆ. ಡಚ್ ನಾಮಪದಕ್ಕೆ ವಿಭಕ್ತಿ ಪ್ರತ್ಯಯವಿಲ್ಲದ್ದರಿಂದ ಯಾವುದು ಯಾವುದಕ್ಕೆ ಸೇರಿತು ಎಂಬುದು ಪದಗಳ ಸಾಲಿನಲ್ಲೇ ಕಾಣುವುದಿಲ್ಲ. ಸ್ವಿಸ್ ಜರ್ಮನ್‌ನಲ್ಲಿ ‘ನೆರವಾಗು’ ಚತುರ್ಥಿಯನ್ನೂ ‘ಬಿಡು’ ದ್ವಿತೀಯೆಯನ್ನೂ ಬೇಡುತ್ತವೆ, ಕ್ರಮವೂ ಹೀಗೇ ದಾಟುತ್ತದೆ. 1985ರಲ್ಲಿ ಸ್ಟೂವರ್ಟ್ ಶೀಬರ್, ಮನುಷ್ಯ ಭಾಷೆ ಸಂದರ್ಭಮುಕ್ತ ವ್ಯಾಕರಣದ (ಸುತ್ತಲಿನ ಪದಗಳನ್ನು ನೋಡದೆ ಅನ್ವಯವಾಗುವ ನಿಯಮಗಳ ವ್ಯಾಕರಣ) ಅಳತೆಯನ್ನು ಮೀರುತ್ತದೆ ಎಂದು ಸಾಧಿಸಲು ಅದನ್ನೇ ಆರಿಸಿಕೊಂಡದ್ದು ಇದಕ್ಕಾಗಿ.

ಸ್ಕ್ಯಾಂಡಿನೇವಿಯದ ಭಾಷೆಗಳಲ್ಲಿ ಕರ್ಮ ಕ್ರಿಯೆಯ ನಂತರ ಬರುವುದರಿಂದ ಬಾಲದ ಪರೀಕ್ಷೆ ನಡೆಯದು; ನಿಷೇಧಪದವನ್ನು ಹಿಡಿ. ಸ್ವೀಡಿಷ್‌ನಲ್ಲಿ ಪ್ರಧಾನ ವಾಕ್ಯದ ಕ್ರಿಯಾಪದ ‘ಇಲ್ಲ’ ಎನ್ನುವ ‘ಇಂಟೆ’ಗಿಂತ ಮೊದಲು, ಅಧೀನದಲ್ಲಿ ಸಾಮಾನ್ಯವಾಗಿ ನಂತರ. ಐಸ್‌ಲ್ಯಾಂಡಿಕ್‌ನಲ್ಲಿ ಅಧೀನ ವಾಕ್ಯದಲ್ಲೂ ನಿಷೇಧಕ್ಕಿಂತ ಮೊದಲೇ ಬರುತ್ತದೆ.

ಇನ್ನು ಜನರನ್ನು ಕೇಳುವ ಬಗ್ಗೆ. ‘ಹೇಫ್ಟ್ ಖೆಲೇಜ಼ೆನ್’, ‘ಖೆಲೇಜ಼ೆನ್ ಹೇಫ್ಟ್’ (ಓದಿದ್ದಾನೆ) ಎರಡೂ ಡಚ್ ಅಧೀನ ವಾಕ್ಯದ ಕೊನೆಯಲ್ಲಿ ಸರಿ. ಮೊದಲನೆಯದನ್ನು ಕೆಂಪು ಕ್ರಮ, ಎರಡನೆಯದನ್ನು ಹಸಿರು ಕ್ರಮ ಎನ್ನುತ್ತಾರೆ. ಒಬ್ಬ ಗೆಳತಿಯನ್ನು ಕೇಳಿ ಒಂದಕ್ಕೆ ತಪ್ಪು ಗುರುತು ಹಾಕಿಬಿಡುವವರು ಬಹಳ. ‘ಇದು ಸರಿಯೇ’ ಎಂದು ಕೇಳಿದರೆ ಶಾಲೆಯ ಪಾಠ ಒಪ್ಪಿಸುತ್ತಾರೆ. ‘ನಿಮ್ಮ ಊರಲ್ಲಿ ಹೀಗೆ ಅನ್ನುತ್ತಾರಾ’ ಎಂದು ಕೇಳು, ಊರಿನ ಹೆಸರು ಬರೆದುಕೋ. ಪರೀಕ್ಷೆ ಮಾಡುವುದಾದರೆ ಒಂದು ಜೋಡಿಯಲ್ಲಿ ಒಂದನ್ನೇ ಬದಲಿಸು. ನಾಲ್ಕು ಬಗೆಯ ರಚನೆಗೆ 24 ವಾಕ್ಯಗುಚ್ಛ (ಒಂದೇ ವಾಕ್ಯದ ನಾಲ್ಕು ರೂಪಗಳ ಕಟ್ಟು) ಮಾಡಿ, ಪ್ರತಿ ಗುಚ್ಛದ ಒಂದೊಂದು ರೂಪವನ್ನು ನಾಲ್ಕು ಪಟ್ಟಿಗೆ ಹಂಚಿದರೆ, ಒಬ್ಬರಿಗೆ ಪ್ರತಿ ಬಗೆಯಲ್ಲಿ ಆರು ಸಿಗುತ್ತವೆ, ಒಂದೇ ಗುಚ್ಛದ ಎರಡು ರೂಪ ಯಾರ ಕಣ್ಣಿಗೂ ಬೀಳುವುದಿಲ್ಲ. ಸಂಬಂಧವಿಲ್ಲದ ವಾಕ್ಯಗಳನ್ನು ಕನಿಷ್ಠ ಅಷ್ಟೇ ಬೆರೆಸು, ಅವುಗಳಲ್ಲಿ ಕೆಲವು ನಿಚ್ಚಳವಾಗಿ ಕೆಟ್ಟವಿರಲಿ; ಇಲ್ಲದಿದ್ದರೆ ಐದು ಅಂಕದ ಮಾಪಕದಲ್ಲಿ ಎಲ್ಲರೂ ನಾಲ್ಕಕ್ಕೇ ಅಂಟಿಕೊಳ್ಳುತ್ತಾರೆ.

ಆಡುನುಡಿಯ ಪ್ರಶ್ನೆ ಬಂದರೆ ಆಮ್ಸ್ಟರ್ಡಾಮಿನ ಮೇರ್ಟೆನ್ಸ್ ಸಂಸ್ಥೆಯ ವಾಕ್ಯರಚನಾ ನಕಾಶೆಯನ್ನು ತೆರೆ, 267 ಊರುಗಳ ಮಾಹಿತಿ ಅದರಲ್ಲಿದೆ. ಮೊದಲ ಇಪ್ಪತ್ತು ವಾಕ್ಯಗಳ ಕೋಷ್ಟಕ ಮುಗಿದ ಮೇಲೆ ನನಗೆ ಕಳಿಸು. ಯಾವ ಕಾಲಂ ಎಂದು ಗೊತ್ತಾಗದ ಪದವನ್ನು ಊಹಿಸಿ ತುಂಬಬೇಡ, ಪಕ್ಕದಲ್ಲಿ ಪ್ರಶ್ನಾರ್ಥಕ ಚಿಹ್ನೆ ಹಾಕಿ ಬಿಡು.

ಇಂತಿ,
ನಿನ್ನ ಮಾವ