‘ಹೊರತು’ ಎಲ್ಲಿ ಹೋಯಿತು, ತಂಗಿ?

ಪ್ರೀತಿಯ ತಂಗಿ,

ತಂಗಿ ಅನ್ನುತ್ತಿದ್ದೇನೆ, ಲೆಕ್ಕ ಹಾಕಿದರೆ ನೀನು ನನ್ನ ಮಗಳಿಗಿಂತ ಚಿಕ್ಕವಳು. ಹಾಗಾಗಿ ಬಹುವಚನ ಬಿಟ್ಟಿದ್ದೇನೆ, ಬೇಸರ ಮಾಡಿಕೊಳ್ಳಬೇಡ. ಗ್ರೀಕ್ ದೇವರ ಸ್ತುತಿಗಳ ನಿನ್ನ ಕನ್ನಡ ಅನುವಾದದ ಕಟ್ಟು ಬಂದು ಮೂರು ವಾರವಾಯಿತು. ಎರಡು ಸಲ ಓದಿದೆ. ಎರಡನೇ ಸಲ ಪೆನ್ಸಿಲ್ ಹಿಡಿದು ಕೂತಿದ್ದೆ, ಅದರ ಗುರುತು ಪುಟದಂಚಿನಲ್ಲಿ ಕಾಣುತ್ತದೆ.

ನೀನು ಕೇಳಿದ್ದು ಮುನ್ನುಡಿ. ‘ಗ್ರೀಕ್ ಸ್ತುತಿ ಯಾರಿಗೆ ಬೇಕಮ್ಮಾ, ದೊಡ್ಡವರ ನಾಲ್ಕು ಒಳ್ಳೆಯ ಮಾತು ಇದ್ದರೆ ನೋಡೋಣ’ ಅಂದರಂತೆ ಪ್ರಕಾಶಕರು. ಓದಿ ನನಗೂ ಹೊಟ್ಟೆ ಉರಿಯಿತು. ಬರೆಯುವುದನ್ನೇ ಬಿಟ್ಟುಬಿಡಲಾ ಎಂದೂ ಕೇಳಿದ್ದೀಯ. ಬಿಡುವವರು ಯಾರನ್ನೂ ಕೇಳಿಕೊಂಡು ಬಿಡುವುದಿಲ್ಲ, ಹೋಗಲಿ. ಕಾಗುಣಿತ, ಅಧ್ಯಾಯಗಳ ಕ್ರಮ, ಮುಖಪುಟ ಇದನ್ನೆಲ್ಲ ಬೇರೆ ಯಾರಾದರೂ ಹೇಳಿಯಾರು. ಗ್ರೀಕರ ದೇವರಾಜನನ್ನು ‘ಜ್ಯೂಸ್’ ಎಂದು ಮಾತ್ರ ಬರೆಯಬೇಡ, ಕಬ್ಬಿನ ಹಾಲಿನ ಅಂಗಡಿ ನೆನಪಾಗುತ್ತದೆ. ಝಿಯಸ್ ಅನ್ನು.

ನನ್ನ ತಕರಾರು ಗ್ರೀಕ್ ತತ್ವಜ್ಞಾನಿ ಕ್ಲಿಯಾಂಥಿಸನ ಝಿಯಸ್ ಸ್ತುತಿಯ 17ನೇ ಸಾಲಿನದು.

ಆ ಪದ್ಯ ಇರುವುದೇ 39 ಸಾಲು. ಸ್ಟೋಬಿಯಸ್ ಎಂಬ ಸಂಗ್ರಹಕಾರ ತನ್ನ ಮಗನ ಪಾಠದ ಪುಸ್ತಕಕ್ಕೆ ಎತ್ತಿ ಬರೆದಿಟ್ಟುಕೊಂಡಿದ್ದರಿಂದ ಉಳಿಯಿತು. 15 ಮತ್ತು 16ನೇ ಸಾಲಲ್ಲಿ ಕವಿ ಹೇಳುತ್ತಾನೆ: ದೇವರೇ, ನಿನ್ನನ್ನು ಬಿಟ್ಟು ನೆಲದ ಮೇಲಾಗಲಿ, ಬಾನಿನಲ್ಲಾಗಲಿ, ಕಡಲಿನಲ್ಲಾಗಲಿ ಏನೂ ನಡೆಯುವುದಿಲ್ಲ. ಇದನ್ನು ನೀನು ಚೆಂದವಾಗಿಯೇ ತಂದಿದ್ದೀಯ. ಆಮೇಲೆ ಪೂರ್ಣವಿರಾಮ ಹಾಕಿ ಸೀದಾ 18ಕ್ಕೆ ನೆಗೆದಿದ್ದೀಯ. ಮೂಲದಲ್ಲಿ ಆ ಜಾಗದಲ್ಲಿ ಮಾತು ನಿಲ್ಲುವುದಿಲ್ಲ. ‘ಪ್ಲೇನ್’ ಎಂಬ ಪುಟ್ಟ ಪದ ಬರುತ್ತದೆ. ಹೊರತು. ‘ಕೆಟ್ಟವರು ತಮ್ಮ ತಿಳಿಗೇಡಿತನದಿಂದ ಮಾಡುವುದರ ಹೊರತು.’ ನನಗೂ ಗ್ರೀಕ್ ಬಾರದು ಮಾರಾಯ್ತಿ, ಎದುರುಬದುರು ಅಚ್ಚಾದ ಪುಸ್ತಕ ಮತ್ತು ನಿಘಂಟು ಇಟ್ಟುಕೊಂಡು ಅಕ್ಷರ ಕೂಡಿಸುತ್ತೇನೆ, ಅಷ್ಟೆ. ಆದರೆ ನೀನು ನೋಡಿ ಬರೆದ ಇಂಗ್ಲಿಷಿನಲ್ಲೂ ಅದು ಇದ್ದೇ ಇರಬೇಕು. ಬೇಕೆಂದೇ ಬಿಟ್ಟಿದ್ದೀಯ. ಸ್ತುತಿಯ ನಡುವೆ ಅಪಸ್ವರ ಯಾಕೆ ಅನ್ನಿಸಿತು, ಅಲ್ಲವೆ?

ಆ ಒಂದು ಪದದ ಹಿಂದೆ, ದೇವರ ಹೊಗಳಿಕೆಯಲ್ಲಿ ಕೆಡುಕಿಗೆ ಜಾಗ ಇದೆಯೆ ಎಂಬ ತಲೆಮಾರುಗಳ ಜಗಳ ಇದೆ. ಹೋಮರನ ಹೆಸರಿನಲ್ಲಿ ಬಂದ 33 ಸ್ತುತಿಗಳಲ್ಲಿ ಹರ್ಮಿಸ್ ದೇವರದನ್ನು ನೀನೇ ಅನುವಾದಿಸಿದ್ದೀಯಲ್ಲ, ನಗುನಗುತ್ತ ಓದಿದೆ. ಬೆಳಗ್ಗೆ ಹುಟ್ಟಿದ, ಮಧ್ಯಾಹ್ನ ಆಮೆಯ ಚಿಪ್ಪಿನಲ್ಲಿ ಮಾಡಿದ ವಾದ್ಯ ನುಡಿಸಿದ, ಸಂಜೆ ಅಪೊಲೊನ ದನ ಕದ್ದ. 50 ಹಸುಗಳನ್ನು ಹೆಜ್ಜೆಗುರುತು ತಿರುಗುಮುರುಗಾಗುವಂತೆ ಹಿಂದುಹಿಂದಕ್ಕೆ ನಡೆಸಿಕೊಂಡು ಹೋದ. ದೇವರ ಕಳ್ಳತನವನ್ನೇ ಹಾಡಿ ದೇವರನ್ನು ಹೊಗಳುವ ಧೈರ್ಯ ಆ ಹಾಡುಗಾರನಿಗಿತ್ತು. ಕ್ಸೆನೊಫೇನಿಸ್ ಎಂಬ ಕವಿ-ತತ್ವಜ್ಞಾನಿಗೆ ಇಂಥದ್ದು ಸಹಿಸಲಾಗಲಿಲ್ಲ. ಕಳ್ಳತನ, ಹಾದರ, ಪರಸ್ಪರ ಮೋಸ, ಮನುಷ್ಯರಲ್ಲಿ ನಾಚಿಕೆಗೇಡು ಅನ್ನಿಸಿದ್ದನ್ನೆಲ್ಲ ಹೋಮರ್ ಮತ್ತು ಹೆಸಿಯಡ್ ದೇವರಿಗೆ ಅಂಟಿಸಿದರು ಎಂದು ರೇಗಿದ. ಹಾಗೆಂದು ಹಾಡುವುದನ್ನು ಬಿಡಿ ಅನ್ನಲಿಲ್ಲ, ಶುದ್ಧವಾದ ಮಾತಿನಲ್ಲಿ ಹಾಡಿ ಅಂದ. ಪ್ಲೇಟೋ ‘ರಿಪಬ್ಲಿಕ್’ನಲ್ಲಿ ಇನ್ನೂ ಬಿಗಿ ಮಾಡಿದ. ದೇವರು ಒಳಿತಿಗೆ ಮಾತ್ರ ಕಾರಣ, ಕೆಡುಕಿಗೆ ಕಾರಣವನ್ನು ಬೇರೆಲ್ಲಾದರೂ ಹುಡುಕಿ ಎಂದ. ಕೊನೆಗೆ ತನ್ನ ಊರೊಳಗೆ ದೇವರ ಸ್ತುತಿ ಮತ್ತು ಸಜ್ಜನರ ಹೊಗಳಿಕೆ ಇವೆರಡೇ ಇರಲಿ, ಉಳಿದ ಕಾವ್ಯ ಹೊರಗೆ ಎಂದ. (ಅವನ ಆ ಊರಲ್ಲಿ ನಾನಂತೂ ಮನೆ ಮಾಡುತ್ತಿರಲಿಲ್ಲ.)

‘ಬೇರೆಲ್ಲಾದರೂ ಹುಡುಕಿ’ ಅನ್ನುವುದು ಸುಲಭ. ಕ್ಲಿಯಾಂಥಿಸ್ ಸ್ಟೋಯಿಕ್ ಎಂಬ ತತ್ವಪಂಥದವನು. ಅವನ ಮತದಲ್ಲಿ ದೇವರಿಲ್ಲದ ‘ಬೇರೆಲ್ಲೋ’ ಎಂಬ ಜಾಗವೇ ಇಲ್ಲ. ಪ್ರಕೃತಿ, ವಿಧಿ, ವಿವೇಕ, ಝಿಯಸ್, ಎಲ್ಲ ಒಂದೇ. ಅದಕ್ಕೇ ಮೊದಲ ಸಾಲಲ್ಲೇ ‘ಬಹುನಾಮದವನೇ’ ಎಂದು ಕರೆಯುತ್ತಾನೆ. ನೀನು ಅದನ್ನು ‘ಸಹಸ್ರನಾಮ’ ಮಾಡಿ ವಿಷ್ಣುವನ್ನು ಎಳೆದು ತಂದಿದ್ದೀಯ, ಪಾಪ ಅವನನ್ನು ಅವನ ಪಾಡಿಗೆ ಬಿಡು. ಎಲ್ಲವೂ ದೇವರೇ ಎನ್ನುವವನು ‘ಇದೊಂದರ ಹೊರತು’ ಅಂದರೆ ಅವನ ಮನೆಯ ಗೋಡೆಯೇ ಬಿರುಕು ಬಿಡುತ್ತದೆ. ಸ್ಟೋಯಿಕರ ಮಾತಿಗೆ ಮಾತು ತಾಳೆಯಾಗುವುದಿಲ್ಲ ಎಂದು ತೋರಿಸುವುದಕ್ಕೇ ಮುಂದೆ ಪ್ಲುಟಾರ್ಕ್ ಎಂಬ ಗ್ರೀಕ್ ಲೇಖಕ ಒಂದು ಇಡೀ ಗ್ರಂಥ ಬರೆದ. ಬಿರುಕು ಕಾಣುತ್ತದೆ ಎಂದು ಕ್ಲಿಯಾಂಥಿಸನಿಗೆ ಗೊತ್ತಿರಲಿಲ್ಲವೆ? ಗೊತ್ತಿದ್ದೂ ಬರೆದ. ಬರೆದಿದ್ದರಿಂದಲೇ ಮುಂದಿನ ಸಾಲು ಹುಟ್ಟಿತು: ‘ಆದರೆ ಬೆಸವನ್ನು ಸಮ ಮಾಡಬಲ್ಲವನು ನೀನು, ಚೆಲ್ಲಾಪಿಲ್ಲಿಯಾದದ್ದನ್ನು ಜೋಡಿಸಬಲ್ಲವನು, ಪ್ರಿಯವಲ್ಲದ್ದೂ ನಿನಗೆ ಪ್ರಿಯ.’ ನಿನ್ನ ಅನುವಾದದಲ್ಲಿ 18ನೇ ಸಾಲು ‘ಆದರೆ’ ಎಂದು ಶುರುವಾಗುತ್ತದೆ. 17 ಇಲ್ಲದೆ ಅದು ಯಾವುದಕ್ಕೆ ‘ಆದರೆ’? ಎರಡೂ ಸಲ ಓದುವಾಗ ಅಲ್ಲೇ ಮುಗ್ಗರಿಸಿದೆ.

ಆ ಮನುಷ್ಯನನ್ನು ಸ್ವಲ್ಪ ಕಣ್ಣ ಮುಂದೆ ತಂದುಕೋ. ಅಸ್ಸೋಸ್ ಎಂಬ ಊರಿನ ಮುಷ್ಟಿಮಲ್ಲ, ನಾಲ್ಕು ದ್ರಾಕ್ಮ ನಾಣ್ಯ ಇಟ್ಟುಕೊಂಡು ಅಥೆನ್ಸಿಗೆ ಬಂದವನು. ರಾತ್ರಿ ತೋಟಗಳಿಗೆ ನೀರು ಸೇದಿ ಹಗಲು ಸ್ಟೋಯಿಕ್ ಪಂಥ ಕಟ್ಟಿದ ಝೀನೋನ ಪಾಠಕ್ಕೆ ಕೂರುತ್ತಿದ್ದ. ಹಾಳೆ ಕೊಳ್ಳಲು ಕಾಸಿಲ್ಲದೆ ಎತ್ತಿನ ಹೆಗಲ ಮೂಳೆಯ ಮೇಲೆ ಬರೆದುಕೊಂಡನಂತೆ. ಮಂದಬುದ್ಧಿ, ಕತ್ತೆ ಎಂದು ಜೊತೆಯವರು ಆಡಿಕೊಂಡರೆ, ಝೀನೋನ ಹೊರೆ ಹೊರಲು ತಾನೊಬ್ಬನೇ ಶಕ್ತ ಅನ್ನುತ್ತಿದ್ದ. ತತ್ವಜ್ಞಾನಿಗಳ ಬದುಕು ಬರೆದಿಟ್ಟ ಡಯೊಜಿನಿಸ್ ಲೇರ್ಟಿಯಸ್ ಹೇಳುವ ಕತೆಗಳಿವು. ನನಗೆ ಅದರಲ್ಲಿ ತುಂಬ ಇಷ್ಟವಾದದ್ದು ಇನ್ನೊಂದು. ಎದುರು ಪಕ್ಷದ ಅರ್ಕೆಸಿಲಾಸನನ್ನು ಯಾರೋ ಬೈಯುತ್ತಿದ್ದರು, ಕರ್ತವ್ಯವನ್ನೇ ಅಲ್ಲಗಳೆಯುವವನು ಎಂದು. ಕ್ಲಿಯಾಂಥಿಸ್ ತಡೆದ: ಮಾತಲ್ಲಿ ಅಲ್ಲಗಳೆದರೂ ನಡತೆಯಲ್ಲಿ ಪಾಲಿಸುತ್ತಾನೆ, ಬಿಡಿ. ಅರ್ಕೆಸಿಲಾಸ್ ‘ಮುಖಸ್ತುತಿ ನನ್ನ ಹತ್ತಿರ ನಡೆಯದು’ ಎಂದ. ‘ಹೌದು, ನೀನು ಹೇಳುವುದೊಂದು ಮಾಡುವುದೊಂದು ಅನ್ನುವುದೇ ನನ್ನ ಮುಖಸ್ತುತಿ’ ಎಂದನಂತೆ ಇವನು. ಅಲ್ಲೂ ಒಂದು ‘ಹೊರತು’ ಕೂತಿದೆ, ನೋಡು.

‘ಹೊರತು’ ಇಲ್ಲದ ಸ್ತುತಿಯೂ ಅದೇ ಊರಿನಲ್ಲಿ ಹುಟ್ಟಿತು, ನಿನ್ನ ಪುಸ್ತಕದಲ್ಲಿ ಅದಿಲ್ಲ. ಕ್ರಿಸ್ತಪೂರ್ವ 290ರ ಸುಮಾರಿಗೆ ಡೆಮಿಟ್ರಿಯಸ್ ದೊರೆ ಅಥೆನ್ಸಿಗೆ ಬಂದಾಗ ಜನ ಕುಣಿಯುತ್ತ ಹಾಡಿದರು: ಉಳಿದ ದೇವರುಗಳು ದೂರ ಇದ್ದಾರೆ, ಇಲ್ಲವೇ ಅವರಿಗೆ ಕಿವಿಯಿಲ್ಲ, ಇಲ್ಲವೇ ಅವರೇ ಇಲ್ಲ. ನೀನಾದರೋ ಕಣ್ಣೆದುರಿಗಿದ್ದೀಯ, ಮರದವನಲ್ಲ ಕಲ್ಲಿನವನಲ್ಲ, ನಿಜದವನು. ಇಷ್ಟೆಲ್ಲ ಹಾಡಿದ ಊರು ಕೆಲವೇ ವರ್ಷದಲ್ಲಿ ಅವನ ಮೇಲೆ ದಂಗೆ ಎದ್ದಿತು. ಹೊನ್ನಶೂಲ ಎಂಬ ನಮ್ಮ ಮಾತು ಅವನಿಗೆ ಗೊತ್ತಿರಲಿಲ್ಲ, ಪಾಪ.

ನಾನೂ ಅಂಥ ಕುಣಿತ ಕುಣಿದವನೇ. ನಲವತ್ತು ವರ್ಷದ ಹಿಂದೆ ಒಬ್ಬ ಹಿರಿಯರ ಅಭಿನಂದನ ಗ್ರಂಥಕ್ಕೆ ಲೇಖನ ಬರೆದೆ. ಅವರ ಕೊನೆಯ ಎರಡು ಸಂಕಲನ ಮಾಗುವ ಮೊದಲೇ ಅಚ್ಚಾದವು ಎಂಬ ಒಂದು ವಾಕ್ಯ ಅದರಲ್ಲಿತ್ತು. ಆಗ ಅವರ ಒಂದು ಮಾತಿನಿಂದ ನನಗೊಂದು ಅನುಕೂಲ ಆಗುವುದಿತ್ತು. ಅಚ್ಚಿಗೆ ಹೋಗುವ ಹಿಂದಿನ ದಿನ ವಾಕ್ಯ ಹೊಡೆದುಹಾಕಿದೆ. ಅನುಕೂಲವೂ ಆಯಿತು. ಸಮಾರಂಭ ಮುಗಿದು ತಿಂಗಳಾದ ಮೇಲೆ ಸಿಕ್ಕಾಗ ಅವರು ಹೇಳಿದ್ದು ಇಷ್ಟೇ: ‘ನಿನ್ನ ಲೇಖನ ಓದಿದೆನಯ್ಯಾ. ಅದರಲ್ಲಿ ನಾನೇ ಇಲ್ಲವಲ್ಲ.’ ಅವರೀಗಿಲ್ಲ. ಆ ವಾಕ್ಯ ಇವತ್ತಿಗೂ ನನಗೆ ಬಾಯಿಪಾಠ, ಎಲ್ಲಿಯೂ ಅಚ್ಚು ಮಾಡಿಲ್ಲ.

ಅದಕ್ಕೇ ಮುನ್ನುಡಿ ಬರೆಯುವುದಿಲ್ಲ. ಬರೆದರೆ ‘ಹೊರತು’ ಹಾಕಿಯೇ ಬರೆಯುತ್ತೇನೆ, ಅದು ನಿನ್ನ ಪ್ರಕಾಶಕರಿಗೆ ಬೇಕಾಗುವುದಿಲ್ಲ. ಮುಖ ಸಣ್ಣ ಮಾಡಿಕೊಳ್ಳಬೇಡ. ಹರ್ಮಿಸ್ ಸ್ತುತಿಯ ದನ ಅಟ್ಟುವ ಭಾಗ ನನ್ನಿಂದ ಆಗುತ್ತಿರಲಿಲ್ಲ, ಅದನ್ನು ಮೊಮ್ಮಗನಿಗೆ ಜೋರಾಗಿ ಓದಿ ಹೇಳಿದೆ, ಮಾರನೇ ದಿನ ಮತ್ತೆ ಓದು ಎಂದು ಹಟ ಮಾಡಿದ.

17ನೇ ಸಾಲನ್ನು ಮತ್ತೆ ಮಾಡಿ ಕಳಿಸು. 15ರಲ್ಲಿ ‘ನಿನ್ನನ್ನು ಬಿಟ್ಟು’ ಅಂದಿದ್ದೀಯ, ಹಾಗಾಗಿ ಇಲ್ಲಿ ಮತ್ತೆ ‘ಬಿಟ್ಟು’ ಬೇಡ, ಕಿವಿಗೆ ಒರಟು. ‘ಹೊರತು’ ಸಾಲಿನ ಕೊನೆಗೆ ಬರಬೇಕೋ ನಡುವೆ ಬರಬೇಕೋ ಎಂದು ನಾನೂ ಎರಡು ರಾತ್ರಿ ತಲೆ ಕೆಡಿಸಿಕೊಂಡೆ, ಬಗೆಹರಿಯಲಿಲ್ಲ. ಗ್ರೀಕಿನಲ್ಲಿ ಅದು ಸಾಲಿನ ಮೊದಲ ಪದ, ನಮ್ಮ ವಾಕ್ಯಕ್ಕೆ ಆ ಸೌಕರ್ಯ ಇಲ್ಲ. ನಿನಗೇನಾದರೂ ಹೊಳೆದರೆ ಒಂದು ಕಾರ್ಡು ಹಾಕು. ಕೊರಿಯರ್ ಬೇಡ, ಆ ಹುಡುಗ ಮೂರನೇ ಮಹಡಿ ಹತ್ತುವುದಿಲ್ಲ, ಕೆಳಗಿನಿಂದಲೇ ಕೂಗುತ್ತಾನೆ.

ಆಶೀರ್ವಾದಗಳೊಂದಿಗೆ,
ನಿನ್ನ ಅಣ್ಣ