ಮಾತ್ರೆ ಮುಗಿಯಿತು, ಧನ್ಯವಾದ ಹೇಳುವುದು ಬಾಕಿ ಇದೆ

ಕಫದ ಕೊನೆಯ ವರದಿ ಕಳೆದ ವಾರ ಬಂತು. ಕ್ಷಯದ ರೋಗಾಣು ಇಲ್ಲ, ಆರು ತಿಂಗಳ ಚಿಕಿತ್ಸೆ ಮುಗಿದಿದೆ. ವಿಚಾರಿಸಿದವರು ಬಹಳ ಮಂದಿ, ಅದಕ್ಕೇ ಎಲ್ಲರಿಗೂ ಸೇರಿಸಿ ಬರೆಯುತ್ತಿದ್ದೇನೆ.

ಮೊದಲ ನಮಸ್ಕಾರ ಕ್ಷಯದಿಂದ ಗುಣವಾಗಿ ಗ್ರಾಮಸಭೆಯಲ್ಲಿ ಅದರ ಬಗ್ಗೆ ಮಾತನಾಡಿದ ಅಕ್ಕನಿಗೆ. ಹೆಸರು ಬೇಡವೆಂದಿದ್ದಾರೆ, ಬರೆಯುವುದಿಲ್ಲ. ಎರಡು ವಾರ ದಾಟಿದ ಕೆಮ್ಮಿಗೆ ಕಫ ಪರೀಕ್ಷೆ ಮಾಡಿಸಬೇಕೆಂಬ ಗೋಡೆಬರಹ ನಮ್ಮೂರಿನಲ್ಲಿ ಎಲ್ಲರಿಗೂ ಬಾಯಿಪಾಠ. ಆದರೆ ಕ್ಷಯಕ್ಕೆ ಕೊಡುವ ರಿಫಾಂಪಿಸಿನ್ ಔಷಧ ನುಂಗಿದರೆ ಮೂತ್ರ ಕಿತ್ತಳೆ ಬಣ್ಣಕ್ಕೆ ತಿರುಗುತ್ತದೆ, ಹೆದರಬೇಡಿ ಎಂದು ಯಾವ ಗೋಡೆಯೂ ಹೇಳಿರಲಿಲ್ಲ. ಅಕ್ಕ ಹೇಳಿದರು, ಮೈಕಿನಲ್ಲಿ, ಅಧ್ಯಕ್ಷರ ಎದುರಿಗೇ. ಹಿಂದೆ ಕೂತ ಹುಡುಗರು ಕಿಸಕ್ಕೆಂದರು. ಆ ನಗು ಅಡಗುವವರೆಗೆ ಸುಮ್ಮನಿದ್ದು ಮುಂದುವರಿಸಿದರು: ಎರಡನೇ ತಿಂಗಳಿಗೆ ಕೆಮ್ಮು ನಿಂತಾಗ ಮಾತ್ರೆ ಬಿಟ್ಟುಬಿಡುವ ಆಸೆ ಹುಟ್ಟುತ್ತದೆ, ಬಿಟ್ಟರೆ ಔಷಧಕ್ಕೆ ಬಗ್ಗದ ಕ್ಷಯವಾಗಿ ಮರಳಬಹುದು. ನನಗೂ ಅದೇ ಹೊತ್ತಿಗೆ ಆ ಆಸೆ ಬಂತು. ತಡೆದದ್ದು ಅವರ ಮಾತೇ.

ಅಮಿತಾಭ್ ಬಚ್ಚನ್ ತಮಗೆ ಬೆನ್ನುಮೂಳೆಯ ಕ್ಷಯವಾಗಿತ್ತೆಂದು ಬಹಿರಂಗವಾಗಿ ಹೇಳಿದ್ದು ದೊಡ್ಡ ಉಪಕಾರ. ಆದರೂ ನನ್ನ ತಟ್ಟೆ ಬೇರೆ ಇಟ್ಟಿದ್ದ ನಮ್ಮ ಅತ್ತೆಯನ್ನು ಒಪ್ಪಿಸಲು ಬಚ್ಚನ್‌ರಿಂದ ಆಗಲಿಲ್ಲ. ಪಕ್ಕದ ಬೀದಿಯ ಅದೇ ಅಕ್ಕ ಮನೆಗೆ ಬಂದು, ಕಾಫಿ ಕುಡಿದು, ‘ಇದು ಕೆಮ್ಮಿದಾಗ ಗಾಳಿಯಲ್ಲಿ ಹರಡುವ ರೋಗ, ತಟ್ಟೆ ಲೋಟದಿಂದಲ್ಲ’ ಎಂದು ವಿವರಿಸಬೇಕಾಯಿತು. ಸಂಜೆಯೇ ತಟ್ಟೆ ಎಲ್ಲರ ತಟ್ಟೆಗಳ ಸಾಲಿಗೆ ಸೇರಿತು. ಅತ್ತೆಗೂ ಕೃತಜ್ಞತೆ, ಎಪ್ಪತ್ತರ ವಯಸ್ಸಿನಲ್ಲಿ ಅಭಿಪ್ರಾಯ ಬದಲಿಸುವುದು ಸುಲಭವಲ್ಲ.

ಮನೆಯವರೆಲ್ಲರ ತಪಾಸಣೆ ಮಾಡಿಸಿದ ಆಶಾ ಕಾರ್ಯಕರ್ತೆಗೆ, ಕ್ಷಯ ರೋಗಿಗಳ ಪೌಷ್ಟಿಕ ಆಹಾರಕ್ಕೆ ಸರ್ಕಾರ ಕೊಡುವ ನಿಕ್ಷಯ್ ಪೋಷಣ್ ಯೋಜನೆಯ ತಿಂಗಳ 1000 ರೂಪಾಯಿ ಖಾತೆಗೆ ಬರುವಂತೆ ದಾಖಲೆ ಸರಿಪಡಿಸಿಕೊಟ್ಟವರಿಗೆ, ಆ ಹಣದಲ್ಲಿ ಮೊಟ್ಟೆ, ಶೇಂಗಾ ತಂದು ತಿನ್ನಿಸಿದ ಗಂಡನಿಗೆ ಋಣಿ.

ಕ್ಷಯದ ಬಗ್ಗೆ ಜಾಗೃತಿ ಅಭಿಯಾನ ನಡೆಸುವವರಿಗೆ ಧನ್ಯವಾದದ ಜೊತೆ ಒಂದು ತಕರಾರೂ ಇದೆ. ಗುಣವಾದವರನ್ನು ವೇದಿಕೆಗೆ ಕರೆದು, ಶಾಲು ಹೊದಿಸಿ, ಕಣ್ಣೀರು ಬರುವವರೆಗೆ ಪ್ರಶ್ನೆ ಕೇಳಬೇಡಿ. ಫೋಟೋ ತೆಗೆಯುವ ಮೊದಲು ಒಪ್ಪಿಗೆ ಪಡೆಯಿರಿ. ಶಾಲಿನ ಬದಲು ಬಸ್ ಚಾರ್ಜು, ಆ ದಿನದ ಕೂಲಿ ಕೊಟ್ಟರೆ ಇನ್ನೂ ಹತ್ತು ಜನ ಮಾತನಾಡಲು ಬರುತ್ತಾರೆ.

ಗುಣವಾದವರು ಬೇರೆಯವರಿಗೆ ತಿಳಿಹೇಳಲು ಕಲಿಯುವ ಟಿ.ಬಿ. ಚಾಂಪಿಯನ್ ತರಬೇತಿಗೆ ನನ್ನನ್ನೂ ಕರೆದಿದ್ದಾರೆ, ಒಪ್ಪಿದ್ದೇನೆ. ಮದುವೆ ತಪ್ಪೀತೆಂದು ಮಗಳ ಕೆಮ್ಮನ್ನು ಮುಚ್ಚಿಡುತ್ತಿರುವ ಮನೆಗಳಿದ್ದರೆ ಹೇಳಿ ಕಳುಹಿಸಿ. ಮೈಕು ಬೇಡ, ಹಿತ್ತಲ ಬಾಗಿಲಿನಿಂದಲೇ ಬರುತ್ತೇನೆ.